ದನದ ನಡತೆ ಬಲ್ಲವರು ವೈದ್ಯರ ಮುಂದೆ ಮಾತಾಡಲಿ

ಪಶುವೈದ್ಯರು ಮನೆಗೆ ಬಂದಾಗ ಮೊದಲು ಕೇಳುವ ಪ್ರಶ್ನೆ, "ಯಾವಾಗಿನಿಂದ ಹೀಗಾಗಿದೆ?" ಎಂಬುದು. ಶಿರಸಿ, ಸಿದ್ದಾಪುರ, ಯಲ್ಲಾಪುರದ ಕಡೆಯ ನಮ್ಮ ಮನೆಗಳಲ್ಲಿ ಇದಕ್ಕೆ ಉತ್ತರ ಕೊಡುವವರು ಹೆಚ್ಚಾಗಿ ಯಜಮಾನರು. ಆದರೆ ಎರಡು ಹೊತ್ತು ಹಾಲು ಕರೆದು, ಅಕ್ಕಚ್ಚು ಇಟ್ಟು, ಸಗಣಿ ಬಾಚಿ ದನದ ಗುಣ ಬಲ್ಲವರು ಮನೆಯ ಹೆಂಗಸರು. ಅವರು ಬಾಗಿಲ ಮರೆಯಲ್ಲಿ ನಿಂತಿರುತ್ತಾರೆ. ಬಲ್ಲವರು ಸುಮ್ಮನಿದ್ದು ಅರಿಯದವರು ಉತ್ತರ ಹೇಳುವ ಈ ಪದ್ಧತಿಯಿಂದ ದನಗಳಿಗೆ ಕೇಡಾಗುತ್ತಿದೆ ಎಂಬುದು ನನ್ನ ಅಭಿಪ್ರಾಯ.

ಇದನ್ನು ನಾನು ಕಲಿತದ್ದು ನಮ್ಮದೇ ಕೊಟ್ಟಿಗೆಯಲ್ಲಿ. ಕೆಲವು ವರ್ಷಗಳ ಹಿಂದೆ ನಮ್ಮ ಗೌರಿ ಬೆಟ್ಟಕ್ಕೆ ಏರುವಾಗ ಸುಮ್ಮನೆ ಏರುತ್ತಿತ್ತು, ಸಂಜೆ ಮನೆಗೆ ಇಳಿಯುವಾಗ ಮಾತ್ರ ದಿಬ್ಬದ ಮೇಲೆ ನಿಂತುಬಿಡುತ್ತಿತ್ತು. ಸೋಮಾರಿತನವೆಂದು ನಾನು ಬರಲು ಬೀಸಿದೆ. ನಾಲ್ಕನೆಯ ದಿನ ಮೇವು ಬಿಟ್ಟಿತು. ವೈದ್ಯರು ಬಂದು ಕೇಳಿದಾಗ "ಇವತ್ತು ಬೆಳಿಗ್ಗೆಯಿಂದ" ಎಂದೆ. ಆಗ ಮನೆಯವಳು ಒಳಗಿನಿಂದಲೇ, "ಅಲ್ಲ, ನಾಲ್ಕು ದಿನವಾಯಿತು. ಇಳಿಯಲು ಹೆದರುತ್ತದೆ, ಮಲಗುವಾಗ ನರಳುತ್ತದೆ, ಮುಂಗಾಲು ಅಗಲಿಸಿ ನಿಲ್ಲುತ್ತದೆ" ಎಂದಳು. ವೈದ್ಯರು ಕೂಡಲೇ ಅದರ ಹೆಗಲ ಮೇಲಿನ ಚರ್ಮ ಹಿಡಿದು ಒತ್ತಿದರು. ಬೆನ್ನು ತಗ್ಗಿಸಬೇಕಾದ ಹಸು ಬಿಗಿಯಾಗಿ ನಿಂತು ನರಳಿತು. ಹೊಟ್ಟೆಯಲ್ಲಿ ತಂತಿಯ ಚೂರು ಸೇರಿತ್ತು.

ದನ ಮೇವನ್ನು ಅಗಿಯದೆ ನುಂಗುವುದರಿಂದ ಮೊಳೆ, ತಂತಿಗಳೂ ಒಳಗೆ ಹೋಗುತ್ತವೆ. ಅವು ನಿಲ್ಲುವುದು ಎರಡನೆಯ ಹೊಟ್ಟೆಯಲ್ಲಿ. ಅದರ ಮುಂದೆಯೇ ಗುಂಡಿಗೆ ಇದೆ. ಇಳಿಜಾರಿನಲ್ಲಿ ಹೊಟ್ಟೆಯ ಭಾರವೆಲ್ಲ ಮುಂದಕ್ಕೆ ಬಂದು ತಂತಿ ಚುಚ್ಚುತ್ತದೆ. ಆದ್ದರಿಂದ ಇಳಿಯಲು ಹಿಂಜರಿಯುವುದು ಹಟವಲ್ಲ, ನೋವಿನ ಭಾಷೆ. ಶಸ್ತ್ರಚಿಕಿತ್ಸೆಯಿಂದ ಗೌರಿ ಉಳಿಯಿತು. ತಂತಿ ಗುಂಡಿಗೆಗೆ ತಾಗಿದ್ದರೆ ಉಳಿಯುತ್ತಿರಲಿಲ್ಲ.

ಆರೋಗ್ಯವಾಗಿರುವ ಹಸು ದಿನಕ್ಕೆ ಸುಮಾರು 7-8 ಗಂಟೆ ಮೆಲುಕು ಹಾಕುತ್ತದೆ. ಜ್ವರ ನಮ್ಮ ಕೈಗೆ ತಿಳಿಯುವ ಮೊದಲೇ ಮೆಲುಕು ಕಡಿಮೆಯಾಗಿರಬಹುದು. ಗುಂಪಿನಲ್ಲಿ ಮುಂದಿರುವ ದನ ಹಿಂದುಳಿಯುವುದು, ಹೆಸರು ಕರೆದರೂ ಕಿವಿ ನಿಮಿರಿಸದಿರುವುದು, ಕರು ಹಾಕಿದ ಹಸು ಮಲಗಿದಲ್ಲಿಯೇ ಕತ್ತನ್ನು ಪಕ್ಕೆಗೆ ತಿರುಗಿಸಿಕೊಂಡಿರುವುದು - ಇವೆಲ್ಲ ವೈದ್ಯರಿಗೆ ಬೇಕಾದ ಸಂಗತಿಗಳು. ಕೊನೆಯದು ಹಾಲುಜ್ವರದ ಗುರುತಾಗಿರಬಹುದು. ಅದರಲ್ಲಿ ಗಂಟೆಗಳ ವಿಳಂಬವೂ ಅಪಾಯಕರ. ಹೊರದೇಶಗಳ ದೊಡ್ಡ ಡೇರಿಗಳಲ್ಲಿ ಮೆಲುಕು ಮತ್ತು ಹೆಜ್ಜೆ ಎಣಿಸಲು ಹಸುವಿನ ಕೊರಳಿಗೆ ಯಂತ್ರ ಕಟ್ಟುತ್ತಾರೆ. ನಮ್ಮಲ್ಲಿ ಆ ಕೆಲಸವನ್ನು ಹಾಲು ಕರೆಯುವ ಕಣ್ಣುಗಳು ಮಾಡುತ್ತಿವೆ. ಆ ಕಣ್ಣಿಗೆ ಬೆಲೆ ಇಲ್ಲವೆಂಬುದೇ ಕೊರತೆ.

ಇನ್ನೊಂದು ವಿಷಯವನ್ನು ಒತ್ತಿ ಹೇಳಬೇಕು. ಸಾಧು ದನ ಏಕಾಏಕಿ ದನಿ ಬದಲಾಗಿ ಕೂಗತೊಡಗಿ, ಜೊಲ್ಲು ಸುರಿಸಿ, ನೀರು ನುಂಗಲಾರದೆ ಒದ್ದಾಡಿದರೆ ಗಂಟಲಲ್ಲಿ ಮಾವಿನ ವಾಟೆ ಸಿಕ್ಕಿದೆಯೆಂದು ಬಾಯಿಗೆ ಕೈ ಹಾಕುವವರಿದ್ದಾರೆ. ಹಾಗೆ ಮಾಡಲೇಬಾರದು. ಅದು ಹುಚ್ಚುನಾಯಿ ಕಡಿದದ್ದರ ಫಲವಾಗಿರಬಹುದು. ಜೊಲ್ಲಿನಿಂದ ಮನುಷ್ಯರಿಗೆ ರೇಬೀಸ್ ತಗಲಬಹುದು. ಲಕ್ಷಣ ಕಾಣಿಸಿದ ಮೇಲೆ ಆ ರೋಗದಿಂದ ಬದುಕುವುದು ಇಲ್ಲವೆಂದೇ ಹೇಳಬೇಕು. ಜೊಲ್ಲು ತಾಗಿದ್ದರೆ ಸಾಬೂನು ಹಚ್ಚಿ ನೀರಿನಲ್ಲಿ 15 ನಿಮಿಷ ತೊಳೆದು, ಅಂದೇ ಆಸ್ಪತ್ರೆಗೆ ಹೋಗಿ ಚುಚ್ಚುಮದ್ದು ಹಾಕಿಸಿಕೊಳ್ಳಬೇಕು.

ವೈದ್ಯರು ಬರುವ ಹೊತ್ತಿಗೆ ದನವನ್ನು ಸಮಾಧಾನದಿಂದ ಇಡುವುದೂ ಚಿಕಿತ್ಸೆಯ ಭಾಗವೇ. ಬೆಟ್ಟದಲ್ಲಿ ಮೇಯುವ ನಮ್ಮ ಮಲೆನಾಡು ಗಿಡ್ಡ ಹೊಸಬರನ್ನು ಕಂಡರೆ ಬೆದರುತ್ತದೆ. ಅಟ್ಟಿಸಿಕೊಂಡು ಹಿಡಿದು ಕಟ್ಟಿದರೆ ಮೈ ಬಿಸಿಯೂ ಗುಂಡಿಗೆಯ ಬಡಿತವೂ ಏರಿ ಪರೀಕ್ಷೆಯೇ ತಪ್ಪಾದೀತು. ಮೊದಲೇ ಕಟ್ಟಿಡಿ. ಹಿಂದಿನಿಂದ ಬರುವವರು ದನದ ಕಣ್ಣಿಗೆ ಕಾಣಿಸುವುದಿಲ್ಲ, ಪಕ್ಕದಿಂದ ಮಾತಾಡಿಸುತ್ತ ಬನ್ನಿ. ಹಾಲು ಕರೆಯುವವರೇ ತಲೆಯ ಬಳಿ ನಿಲ್ಲಲಿ.

ವೈದ್ಯರಲ್ಲೂ ಒಂದು ವಿನಂತಿ. ಹತ್ತಾರು ಹಳ್ಳಿಗಳ ಹೊಣೆ ಹೊತ್ತ ನಿಮಗೆ ಸಮಯ ಕಡಿಮೆ ಎಂಬುದು ನಿಜ. ಆದರೂ "ಹಾಲು ಕರೆಯುವವರು ಯಾರು?" ಎಂದು ಕೇಳಿ, ಅವರನ್ನು ಮುಂದೆ ಕರೆಯಿರಿ. ಆ ಎರಡು ನಿಮಿಷದ ಮಾತು ಎರಡನೆಯ ಬಾರಿ ಬರುವ ಶ್ರಮವನ್ನು ಉಳಿಸೀತು. ಹಾಲಿನ ಸಂಘಗಳು ಪಶು ಆರೋಗ್ಯದ ಸಭೆ ನಡೆಸುವಾಗ ಹೆಂಗಸರನ್ನೇ ಮೊದಲು ಆಹ್ವಾನಿಸಲಿ.

ಮನೆಯ ಯಜಮಾನರು ಮಾಡಬೇಕಾದದ್ದು ಇಷ್ಟೇ. ಪಶು ಚಿಕಿತ್ಸಾ ವಾಹನಕ್ಕಾಗಿ 1962ಕ್ಕೆ ಫೋನು ಮಾಡುವಾಗಲೂ, ವೈದ್ಯರು ಅಂಗಳಕ್ಕೆ ಬಂದಾಗಲೂ ಮಾತನ್ನು ಹಾಲು ಕರೆಯುವವರಿಗೆ ಬಿಟ್ಟುಕೊಡಿ. ಬಾಯಿಲ್ಲದ ಪ್ರಾಣಿಯ ಪರವಾಗಿ ಹೇಳಬಲ್ಲ ಬಾಯಿ ಅದೊಂದೇ.