ಆ 'ಆಮೇಲೆ'ಯ ಬಗ್ಗೆ ನನ್ನ ತಕರಾರು

ಎರಡು ವರ್ಷದ ಹಿಂದೆ ಒಂದು ವಿಚಾರ ಸಂಕಿರಣಕ್ಕೆ ಬರೆದ ಪ್ರಬಂಧದಲ್ಲಿ ನಾನು 'ಶ್ಲೋಂಡಾರ್ಫ್ ನಿರ್ದೇಶನದ ದಿ ಲಾಸ್ಟ್ ಆನರ್ ಆಫ್ ಕ್ಯಾಥರಿನಾ ಬ್ಲೂಮ್' ಎಂದು ಬರೆದಿದ್ದೆ. ಯಾರೂ ತಿದ್ದಲಿಲ್ಲ. ಈಚೆಗೆ ಆ ಸಿನಿಮಾವನ್ನು ಮತ್ತೆ ನೋಡಲು ಕೂತಾಗ ಟೈಟಲ್ ಕಾರ್ಡ್‌ನಲ್ಲಿ ಎರಡು ಹೆಸರು ಕಂಡು ನಾಚಿಕೆಯಾಯಿತು. 1975ರ ಆ ಚಿತ್ರದ ಚಿತ್ರಕಥೆ, ನಿರ್ದೇಶನ ಎರಡರಲ್ಲೂ ಫೋಲ್ಕರ್ ಶ್ಲೋಂಡಾರ್ಫ್ ಜೊತೆಗೆ ಮಾರ್ಗರೆಥೆ ಫಾನ್ ಟ್ರೋಟಾ ಇದ್ದಾರೆ. ಹೈನ್‌ರಿಚ್ ಬೋಲ್ ಅವರ ಕೃತಿಯನ್ನು ಆಧರಿಸಿದ ಆ ಕತೆಯಾದರೂ ಏನು? ಒಬ್ಬ ಸಾಮಾನ್ಯ ಹೆಂಗಸಿನ ಹೆಸರನ್ನು ಪತ್ರಿಕೆಯೊಂದು ಹಾಳುಮಾಡುವ ಕತೆ. ಅದರ ಬಗ್ಗೆ ಆವೇಶದಿಂದ ಬರೆಯುತ್ತಲೇ, ಅದನ್ನು ಮಾಡಿದ ಹೆಂಗಸಿನ ಹೆಸರನ್ನು ನಾನು ಅಳಿಸಿಹಾಕಿದ್ದೆ.

ಕೈತಪ್ಪು ಎಂದು ಬಿಟ್ಟುಬಿಡಬಹುದಿತ್ತು. ಆದರೆ ಇದೇ ತಪ್ಪಿಗೆ ಒಂದು ಸಭ್ಯ ರೂಪವೂ ಇದೆ: 'ನಟಿಯಾಗಿದ್ದ ಟ್ರೋಟಾ ಆಮೇಲೆ ನಿರ್ದೇಶಕಿಯಾದರು.' ನನ್ನ ತಕರಾರಿರುವುದು ಈ 'ಆಮೇಲೆ'ಯ ಬಗ್ಗೆ. ಫಾಸ್‌ಬಿಂಡರ್ ಚಿತ್ರಗಳಲ್ಲಿ ನಟಿಸುತ್ತಾ, ಗಂಡ ಶ್ಲೋಂಡಾರ್ಫ್ ಕೆಲಸವನ್ನು ನೋಡುತ್ತಾ, ಗಂಡಸರಿಂದ ಕಲಿತು ಬಡ್ತಿ ಪಡೆದರು ಎಂಬ ಅರ್ಥ ಅದರೊಳಗೆ ಅಡಗಿದೆ.

ನಡೆದದ್ದು ಬೇರೆ. 1942ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದ ಟ್ರೋಟಾ ಎಳೆ ವಯಸ್ಸಿನಲ್ಲಿ ಪ್ಯಾರಿಸ್‌ಗೆ ಹೋದಾಗ ಬರ್ಗ್‌ಮನ್ ಸಿನಿಮಾ ನೋಡಿ, ನಿರ್ದೇಶಕಿಯಾಗಬೇಕು ಅಂದುಕೊಂಡರು. ಆದರೆ ಅರವತ್ತರ ದಶಕದ ಪಶ್ಚಿಮ ಜರ್ಮನಿಯಲ್ಲಿ ಹೆಣ್ಣು ಕ್ಯಾಮೆರಾ ಹಿಂದೆ ನಿಲ್ಲುವುದು ಊಹೆಗೂ ದೂರವಾಗಿತ್ತು. ತೆರೆದಿದ್ದ ಬಾಗಿಲು ನಟನೆಯದು ಮಾತ್ರ. ಅಂದರೆ ನಟಿಯೊಬ್ಬಳು ನಿರ್ದೇಶಕಿಯಾದದ್ದಲ್ಲ, ನಿರ್ದೇಶಕಿಯೊಬ್ಬಳು ನಟಿಯಾಗಿ ಕಾಯಬೇಕಾಯಿತು. ಕಾಯುವಾಗಲೂ ಅವರು ಸುಮ್ಮನಿರಲಿಲ್ಲ. 1972ರ 'ಸ್ಟ್ರೋಫಾಯರ್' ಚಿತ್ರದಲ್ಲಿ, ವಿಚ್ಛೇದನದ ನಂತರ ಮಗುವಿಗಾಗಿ ಹೋರಾಡುವ ಹೆಂಗಸಿನ ಪಾತ್ರ ಅವರದು. ಚಿತ್ರಕಥೆಯನ್ನು ಬರೆದವರಲ್ಲೂ ಅವರಿದ್ದರು. ಅದರಲ್ಲಿ ಅವರ ಸ್ವಂತ ಬದುಕಿನ ನೋವಿತ್ತು. ನಿರ್ದೇಶನ ಮಾತ್ರ ಗಂಡನದು. ಒಬ್ಬರೇ ನಿರ್ದೇಶಿಸಿದ ಮೊದಲ ಚಿತ್ರ ಬಂದದ್ದು 1978ರಲ್ಲಿ.

ಹಾಗಾದರೆ ನಟನೆ ಬರೀ ಮೆಟ್ಟಿಲಾಯಿತಲ್ಲ ಎಂದು ಕೇಳಬಹುದು. ಇಲ್ಲ. 1981ರ 'ಮರಿಯಾನೆ ಅಂಡ್ ಜೂಲಿಯಾನೆ' ನೋಡಿ. ಸೆರೆಮನೆಯಲ್ಲಿ ಅಕ್ಕತಂಗಿಯರು ಸ್ವೆಟರ್ ಅದಲುಬದಲು ಮಾಡಿಕೊಳ್ಳುತ್ತಾರೆ. ಮುಂದೊಮ್ಮೆ ಇಬ್ಬರ ನಡುವೆ ಗಾಜು ಬರುತ್ತದೆ, ಒಬ್ಬಳ ಮುಖದ ಮೇಲೆ ಇನ್ನೊಬ್ಬಳ ಮುಖದ ಪ್ರತಿಬಿಂಬ ಕೂರುತ್ತದೆ. 2012ರ 'ಹನಾ ಅರೆಂಟ್' ಚಿತ್ರದಲ್ಲಿ ಬಾರ್ಬರಾ ಸುಕೋವಾ ಸಿಗರೇಟು ಸೇದುತ್ತಾ ಸುಮ್ಮನೆ ಮಲಗಿ ಯೋಚಿಸುತ್ತಾರೆ. ಕ್ಯಾಮೆರಾ ಅದನ್ನೇ ನೋಡುತ್ತದೆ. ಮಾತಿಲ್ಲದ ಮುಖದ ಮೇಲೆ ಇಷ್ಟು ಭರವಸೆ ಇಡಲು, ಕ್ಯಾಮೆರಾ ಮುಂದೆ ತಾನೂ ಕೂತಿದ್ದವರಿಗೆ ಹೆಚ್ಚು ಧೈರ್ಯ ಇರುತ್ತದೆ ಎಂದು ನನ್ನ ವಾದ. ಅವರಲ್ಲಿನ ನಟಿ ಎಲ್ಲೂ ಹೋಗಲಿಲ್ಲ, ನಿರ್ದೇಶಕಿಯ ಜೊತೆಗೇ ಉಳಿದಳು.

1981ರಲ್ಲಿ ವೆನಿಸ್ ಚಿತ್ರೋತ್ಸವದ ಗೋಲ್ಡನ್ ಲಯನ್ ಪಡೆದ ಮೊದಲ ಮಹಿಳಾ ನಿರ್ದೇಶಕಿ ಅವರು. ಆದರೂ 'ನ್ಯೂ ಜರ್ಮನ್ ಸಿನಿಮಾ' ಎಂದ ಕೂಡಲೇ ನಮ್ಮ ಬಾಯಿಗೆ ಬರುವುದು ಫಾಸ್‌ಬಿಂಡರ್, ಹೆರ್ಜೋಗ್, ವೆಂಡರ್ಸ್. ಟ್ರೋಟಾ ಬರುವುದು 'ಮಹಿಳಾ ಸಿನಿಮಾ' ಎಂಬ ಬೇರೆ ಅಧ್ಯಾಯದಲ್ಲಿ. ಇದು ಗೌರವವಲ್ಲ, ಪಂಕ್ತಿಭೇದ. ಅದೇ ಊಟ, ಆದರೆ ಎಲೆ ಹಾಕುವುದು ಹಿತ್ತಲ ಜಗಲಿಯಲ್ಲಿ.

ನನ್ನ ಪ್ರಬಂಧದ ಆ ವಾಕ್ಯವನ್ನು ತಿದ್ದಿದ್ದೇನೆ. ಸಾಲು ಒಂದು ಹೆಸರಿನಷ್ಟು ಉದ್ದವಾಯಿತು, ಅಷ್ಟೇ. ಸಿನಿಮಾದ ಬಗ್ಗೆ ಬರೆಯುವ ಗೆಳೆಯರಲ್ಲಿ ಒಂದೇ ಕೋರಿಕೆ: ಬರೆಯುವ ಮೊದಲು ಟೈಟಲ್ ಕಾರ್ಡ್ ಪೂರ್ತಿ ಓದಿ.