ಹೆಸರು ತಾಯಿಯದ್ದು, ವಂಶ ಮಾತ್ರ ತಂದೆಯದ್ದಂತೆ!

ವಂಶವೃಕ್ಷವನ್ನ ಬೇರಿನಿಂದ ಬರೀತಾರೆ ಅಂತ ನೀವು ಅಂದ್ಕೊಂಡಿದ್ರೆ ತಪ್ಪು. ಅದನ್ನ ಬರೆಯೋದು ತುದಿಯಿಂದ. ಮೊದಲು ಒಬ್ಬ ಗೆದ್ದು ಸಿಂಹಾಸನದ ಮೇಲೆ ಕೂರ್ತಾನೆ, ಆಮೇಲೆ ತನಗೊಬ್ಬ ಮೂಲಪುರುಷನನ್ನ ಹುಡುಕಿಸ್ತಾನೆ. 'ಪುರುಷ'ನನ್ನೇ. ಸ್ತ್ರೀಯನ್ನಲ್ಲ.

ಎರಡನೇ ಆಲ್ಬೆರ್ತೊ ಆಟ್ಸೊನ ಕಥೆ ನೋಡಿ. ಹನ್ನೊಂದನೇ ಶತಮಾನದ ಉತ್ತರ ಇಟಲಿಯ ದೊಡ್ಡ ಜಮೀನ್ದಾರ. ಪಾದುವಾ ಹತ್ತಿರದ ಎಸ್ತೆಯಲ್ಲಿ ಕೋಟೆ ಕಟ್ಟಿಸಿದ, 1097ರಲ್ಲಿ ತೀರಿಕೊಂಡ. ಫೆರಾರಾ ಮತ್ತು ಮೊದೆನಾದ ಡ್ಯೂಕ್‌ಗಳು, ಬವೇರಿಯಾದ ವೆಲ್ಫ್ ಡ್ಯೂಕ್‌ಗಳು, ಹ್ಯಾನೋವರ್ ಅರಸರು, ಇಂಗ್ಲೆಂಡಿನ ಜಾರ್ಜ್‌ಗಳು, ಕೊನೆಗೆ ನಮ್ಮ ಕಬ್ಬನ್ ಪಾರ್ಕ್ ಬಳಿ ಕಲ್ಲಾಗಿ ನಿಂತಿರೋ ವಿಕ್ಟೋರಿಯಾ, ಎಲ್ಲರೂ ಇವನ ವಂಶದವರು. ಎಂಟುನೂರು ವರ್ಷ ಅಪ್ಪನಿಂದ ಮಗನಿಗೆ ದಾಟಿ ಬಂದ ರಕ್ತ ಅಂತ ಹೊಗಳಿದ್ದೇ ಹೊಗಳಿದ್ದು.

ಸರಿ, ರಕ್ತ ದಾಟಿತು. ಆಸ್ತಿ ಎಲ್ಲಿಂದ ಬಂತು ಸ್ವಾಮಿ?

ಆಟ್ಸೊನ ಮೊದಲ ಹೆಂಡತಿ ಕುನಿಗುಂಡೆ, ಜರ್ಮನಿಯ ವೆಲ್ಫ್ ಮನೆತನದ ಹೆಣ್ಣುಮಗಳು. ಅವಳ ಅಣ್ಣತಮ್ಮಂದಿರ ಸಾಲು 1055ರಲ್ಲಿ ಮುಗಿದುಹೋಯಿತು. ಮೂರನೇ ವೆಲ್ಫ್ ಮಕ್ಕಳಿಲ್ಲದೆ ಸತ್ತ; ಸಾಯೋ ಮುಂಚೆ ಆಸ್ತಿಯನ್ನೆಲ್ಲ ಮಠಕ್ಕೆ ಬರೆದುಬಿಟ್ಟಿದ್ದ. ಅವನ ತಾಯಿ ಇಮಿಜಾ ಸುಮ್ಮನಿರಲಿಲ್ಲ. ಇಟಲಿಗೆ ಜನ ಕಳಿಸಿ ಮಗಳ ಮಗನನ್ನ ಕರೆಸಿಕೊಂಡಳು, ಆಸ್ತಿ ಅವನ ಕೈಗೆ ಬರೋ ಹಾಗೆ ಮಾಡಿದಳು. ಆ ಹುಡುಗನೇ ನಾಲ್ಕನೇ ವೆಲ್ಫ್, 1070ರಲ್ಲಿ ಬವೇರಿಯಾದ ಡ್ಯೂಕ್ ಆದವನು. ನೆಲ ತಾಯಿಯ ಕಡೆಯದ್ದು, ಹೆಸರೂ ತಾಯಿಯ ಕಡೆಯದ್ದು, ಹೋರಾಡಿದ್ದು ಅಜ್ಜಿ. ವಂಶ ಮಾತ್ರ ಅಪ್ಪನದ್ದು!

ಎರಡನೇ ಹೆಂಡತಿ ಗಾರ್ಸೆಂಡಾಳ ಕಥೆಯೂ ಅಷ್ಟೇ. ಫ್ರಾನ್ಸಿನ ಮೇನ್ ಪ್ರಾಂತ್ಯಕ್ಕೆ ಅವಳ ಮಗ ಹ್ಯೂಗ್ ಕೌಂಟ್ ಆಗಿದ್ದು ತಾಯಿಯ ಹಕ್ಕಿನಿಂದ.

ಇನ್ನು 1685ಕ್ಕೆ ಬನ್ನಿ. ಹ್ಯಾನೋವರಿನ ಡ್ಯೂಕ್‌ಗೆ ತನ್ನ ಮನೆತನದ ಇತಿಹಾಸ ಬೇಕಾಯ್ತು. ಕೆಲಸ ವಹಿಸಿದ್ದು ಯಾರಿಗೆ ಗೊತ್ತಾ? ಲೈಬ್ನಿಟ್ಸ್‌ಗೆ. ಹೌದು, ಕ್ಯಾಲ್ಕುಲಸ್ ಕೊಟ್ಟ ಅದೇ ಲೈಬ್ನಿಟ್ಸ್! ಪಾಪ, ಇಟಲಿವರೆಗೂ ಅಲೆದು, ಹಳೇ ದಾಖಲೆ ಕೆದಕಿ, ಗೋರಿಗಳ ಮೇಲಿನ ಬರಹ ಓದಿ, ಎಸ್ತೆಯವರೂ ಹ್ಯಾನೋವರಿನವರೂ ಒಬ್ಬನೇ ಆಟ್ಸೊನ ಸಂತತಿ ಅಂತ ಪುರಾವೆ ತಂದ. 1714ರಲ್ಲಿ ಆ ಡ್ಯೂಕ್‌ನ ಮಗ ಇಂಗ್ಲೆಂಡಿನ ರಾಜನಾಗಿ ಹೊರಟಾಗ ಲೈಬ್ನಿಟ್ಸ್‌ನನ್ನ ಕರ್ಕೊಂಡು ಹೋಗಲಿಲ್ಲ, ಇತಿಹಾಸ ಬರೆದು ಮುಗಿಸು ಅಂತ ಬಿಟ್ಟುಹೋದ. 1716ರಲ್ಲಿ ಲೈಬ್ನಿಟ್ಸ್ ಸತ್ತ. ಪುಸ್ತಕ ಮುಗಿದಿರಲಿಲ್ಲ.

ತಮಾಷೆ ಏನಪ್ಪಾ ಅಂದ್ರೆ, ಇಂಗ್ಲೆಂಡಿನ ಕಿರೀಟಕ್ಕೂ ಆಟ್ಸೊನ ರಕ್ತಕ್ಕೂ ಸಂಬಂಧವೇ ಇರಲಿಲ್ಲ. 1701ರ ಕಾನೂನು ಹಕ್ಕು ಕೊಟ್ಟಿದ್ದು ಹೊಸ ರಾಜನ ತಾಯಿ ಸೋಫಿಯಾಗೆ, ಅವಳು ಇಂಗ್ಲೆಂಡಿನ ಒಂದನೇ ಜೇಮ್ಸ್‌ನ ಮಗಳ ಮಗಳು ಅನ್ನೋ ಕಾರಣಕ್ಕೆ. ಮತ್ತೆ ತಾಯಿಯೇ.

'ಆ ಕಾಲವೇ ಹಾಗಿತ್ತು ಬಿಡಿ' ಅಂತ ಕೆಲವರು ಹೇಳ್ತಾರೆ. ಸುಳ್ಳು. ಲಾಭ ಇದ್ದಾಗ ಹೆಣ್ಣಿನ ಹಕ್ಕು ಆ ಕಾಲಕ್ಕೂ ಚೆನ್ನಾಗಿಯೇ ಕಾಣ್ತಿತ್ತು. ಕಾಣದೆ ಹೋಗ್ತಿದ್ದದ್ದು ಪಾಲು ಕೊಡಬೇಕಾಗಿ ಬಂದಾಗ. 1837ರಲ್ಲಿ ವಿಕ್ಟೋರಿಯಾಗೆ ಇಂಗ್ಲೆಂಡ್ ಸಿಕ್ಕಿತು, ಹ್ಯಾನೋವರ್ ಸಿಗಲಿಲ್ಲ. ಹೆಣ್ಣು ಅಂತ. ಅದು ಅವಳ ಚಿಕ್ಕಪ್ಪ ಅರ್ನ್ಸ್ಟ್ ಆಗಸ್ಟ್‌ನ ಪಾಲಾಯ್ತು. ಮಗಳ ಮಗನಿಂದ ಶುರುವಾದ ಮನೆತನ ಮಗಳಿಗೇ ಬಾಗಿಲು ಹಾಕಿತು! ಬ್ರಿಟಿಷ್ ಸಿಂಹಾಸನದಲ್ಲೂ ಅಕ್ಕನನ್ನ ಹಿಂದಕ್ಕೆ ತಳ್ಳಿ ತಮ್ಮ ಮುಂದೆ ಹೋಗೋ ನಿಯಮ ತೆಗೆಯೋ ಕಾಯ್ದೆ ಬರೋದಕ್ಕೆ 2013 ಆಗಬೇಕಾಯ್ತು. ಅದೂ 2011ರ ಅಕ್ಟೋಬರ್ 28ರ ನಂತರ ಹುಟ್ಟಿದವರಿಗೆ ಮಾತ್ರ.

ರಾಜರ ಮನೆ ಜಗಳ ನಮಗ್ಯಾಕೆ ಅಂತೀರಾ? 'ಗಂಡುಮಗು ಆದ್ರೆ ವಂಶ ಉಳಿಯುತ್ತೆ' ಅನ್ನೋ ಮಾತು ಅಪಾರ್ಟ್‌ಮೆಂಟಿನ ಹದಿನಾಲ್ಕನೇ ಮಹಡಿಯ ಸೀಮಂತದಲ್ಲೂ ಕೇಳಿಸುತ್ತೆ, ಎಂಬಿಎ ಓದಿದವರ ಬಾಯಲ್ಲೂ ಬರುತ್ತೆ. ಮುಂದಿನ ಸಲ ಕೇಳಿಸಿದಾಗ ನಕ್ಕು ಸುಮ್ಮನಾಗಬೇಡಿ. ಯುರೋಪಿನ ಅತಿ ದೊಡ್ಡ ವಂಶಗಳಲ್ಲೊಂದು ಉಳಿದದ್ದು ಒಬ್ಬ ಅಜ್ಜಿ ಮಗಳ ಮಗನನ್ನ ಕರೆಸಿಕೊಂಡಿದ್ದಕ್ಕೆ ಅಂತ ಹೇಳಿ. ಅವಳ ಹೆಸರು ಇಮಿಜಾ ಅಂತಲೂ ಹೇಳಿ.