ಡ್ರಮ್ಮಿನಿಂದ ತವಿಲಿಗೆ

ಭೂಗತವೆಂದೊಡನೆ ನಮ್ಮ ಕಡೆಯ ಗೃಹಸ್ಥರಿಗೆ ನೆನಪಾಗುವುದು ಹೂತಿಟ್ಟ ನಿಧಿ. ಇಲ್ಲವೆ ೧೯೪೨ರ ಚಳವಳಿಯಲ್ಲಿ ಪೋಲೀಸರ ಕಣ್ತಪ್ಪಿಸಿ ತಿರುಗಿದ ದೇಶಭಕ್ತರು. ಪಾಶ್ಚಾತ್ಯ ಸಂಗೀತದಲ್ಲಿ ಈ ಮಾತಿಗೆ ಬೇರೆಯೇ ಅರ್ಥವುಂಟು. ಚಲನಚಿತ್ರದವರ ಆಶ್ರಯವನ್ನಾಗಲಿ ಧ್ವನಿಮುದ್ರಣದ ಕಂಪೆನಿಗಳ ಕೃಪೆಯನ್ನಾಗಲಿ ನೆಚ್ಚದೆ, ತಮಗೆ ಸರಿತೋರಿದ ಹಾಡನ್ನು ತಮ್ಮನ್ನು ಅರಸಿ ಬಂದಷ್ಟೇ ಮಂದಿಯ ಮುಂದೆ ಹಾಡಿ ಬಾರಿಸುವ ಮೇಳಗಳನ್ನು ಅಂಡರ್‌ಗ್ರೌಂಡ್, ಎಂದರೆ ಭೂಗತ, ಎನ್ನುತ್ತಾರೆ. ರಾಕ್ ಎಂಬ ಸಂಗೀತದಲ್ಲಿ ಇಂಥವು ಹೆಚ್ಚು. ಅಲ್ಲಿ ಡ್ರಮ್ ಬಾರಿಸುವವನ ಸ್ಥಾನವು ನಮ್ಮ ಆಟದ ಚೆಂಡೆಯವನ ಸ್ಥಾನದಂತೆಯೇ. ಎಲ್ಲರಿಗಿಂತ ಹಿಂದೆ ಇರುತ್ತಾನೆ. ಅವನು ತಪ್ಪಿದರೆ ಮುಂದಿನವರೆಲ್ಲರೂ ತಪ್ಪುತ್ತಾರೆ.

ಮನೆಮಂದಿ ಓದುವ ಪತ್ರಿಕೆಯಲ್ಲಿ ಈ ವಿಷಯವನ್ನೆತ್ತಲು ಕಾರಣವಿದೆ. ಸಿದ್ಧಕಟ್ಟೆಯ ಪರಿಚಿತ ಗೃಹಸ್ಥರೊಬ್ಬರು ಮೊನ್ನೆ, "ಮಾಸ್ಟ್ರೇ, ಮೂಡುಬಿದಿರೆಯ ಕಾಲೇಜಿಗೆ ಹೋಗುವ ನಮ್ಮ ಹುಡುಗನಿಗೆ ಡ್ರಮ್ ಬಾರಿಸುವ ಹುಚ್ಚು ಹತ್ತಿದೆ. ಕಲಿಯುವುದಾದರೆ ಚೆಂಡೆಯನ್ನಾದರೂ ಕಲಿಯಬಾರದೇ? ಇದನ್ನು ಬಾರಿಸಿ ಬದುಕಿದವರುಂಟೋ?" ಎಂದು ಕೇಳಿದರು. ಪರಿಹಾಸಕ್ಕಾಗಿ ಕೇಳಿದ್ದಲ್ಲ, ತಂದೆಯ ಮುಖದಲ್ಲಿ ನಿದ್ದೆಗೆಟ್ಟ ಗುರುತಿತ್ತು. ಬದುಕಿದವರುಂಟು. ರಮೇಶ್ ಶೋತ್ತಮ್ ಎಂಬವರ ವೃತ್ತಾಂತವನ್ನು ಇಲ್ಲಿ ಹೇಳುವುದು ಆ ಪ್ರಶ್ನೆಯ ನಿಮಿತ್ತವಾಗಿಯೇ.

ಅದಕ್ಕೆ ಮೊದಲು ಆ ವಾದ್ಯದ ಸ್ವರೂಪವನ್ನು ತಿಳಿಯಬೇಕು. ಡ್ರಮ್ ಎಂಬುದು ಒಂದು ವಾದ್ಯವಲ್ಲ, ವಾದ್ಯಗಳ ಒಂದು ಸಂಸಾರ. ಬಲಗಾಲಿನ ಮೆಟ್ಟಿನಿಂದ ಬಾರಿಸುವ ಹಿರಿಯ ಭೇರಿಯೊಂದು. ಎಡಗಾಲಿನಿಂದ ಮುಚ್ಚಿ ತೆರೆಯುವ ಜೋಡಿ ತಾಳ. ಕೆಳಚರ್ಮಕ್ಕೆ ತಂತಿಗಳನ್ನು ತಾಗಿಸಿ ಕಟ್ಟಿದ, ಚುರುಕುದನಿಯ ಸ್ನೇರ್. ಗಾತ್ರದಲ್ಲಿ ಒಂದಕ್ಕಿಂತ ಒಂದು ಕಿರಿದಾದ ಇನ್ನೆರಡು ಮೂರು ಡೋಲು. ಮೇಲೆ ತೂಗುವ ಕಂಚಿನ ತಟ್ಟೆಗಳು. ಭರತಮುನಿಯು ವಾದ್ಯಗಳನ್ನು ತತ, ಸುಷಿರ, ಅವನದ್ಧ, ಘನವೆಂದು ನಾಲ್ಕಾಗಿ ವಿಂಗಡಿಸಿದ್ದಾನಷ್ಟೆ. ಚರ್ಮ ಬಿಗಿದ ಅವನದ್ಧ, ಲೋಹದ ಘನ ಇವೆರಡನ್ನೂ ಇಲ್ಲಿ ಒಬ್ಬನೇ ಕೈಕಾಲುಗಳೆಲ್ಲವನ್ನೂ ದುಡಿಸಿ ನುಡಿಸುತ್ತಾನೆ. ನಾಟ್ಯಶಾಸ್ತ್ರದಲ್ಲಿಯೇ ಒಂದು ಕಥೆಯುಂಟು. ಸ್ವಾತಿಯೆಂಬ ಮುನಿ ನೀರು ತರಲು ಸರೋವರಕ್ಕೆ ಹೋದಾಗ ಮಳೆ ಹಿಡಿಯಿತಂತೆ. ಹಿರಿದು, ನಡುತರದ್ದು, ಕಿರಿದು ಎಂಬ ತಾವರೆಯೆಲೆಗಳ ಮೇಲೆ ಹನಿಗಳು ಬಿದ್ದು ಬಗೆಬಗೆಯ ದನಿ ಎದ್ದುದನ್ನು ಕೇಳಿ, ಆತ ಆಶ್ರಮಕ್ಕೆ ಮರಳಿ ವಿಶ್ವಕರ್ಮನ ಸಹಾಯದಿಂದ ಮೃದಂಗಾದಿ ವಾದ್ಯಗಳನ್ನು ನಿರ್ಮಿಸಿದನು. ಮೂರು ಗಾತ್ರದ ಎಲೆ, ಮೂರು ಗಾತ್ರದ ಡೋಲು! ಇದನ್ನೋದಿದವನಿಗೆ ರಾಕ್ ಡ್ರಮ್ಮು ತೀರ ಪರದೇಶಿಯೆಂದು ತೋರಲಾರದು.

ಇನ್ನು ಶೋತ್ತಮರ ವೃತ್ತಾಂತ. ಅವರು ೧೯೪೮ರಲ್ಲಿ ಮದ್ರಾಸಿನಲ್ಲಿ ಜನಿಸಿದರು. ಸಹೋದರ ಸುರೇಶರೊಡನೆ ಕೂಡಿ 'ಹ್ಯೂಮನ್ ಬಾಂಡೇಜ್' ಎಂಬ ರಾಕ್ ಮೇಳವನ್ನು ಕಟ್ಟಿ, ಬೆಂಗಳೂರನ್ನು ನೆಲೆಯಾಗಿಸಿಕೊಂಡು, ೧೯೭೦ರ ದಶಕದ ಮೊದಲ ವರ್ಷಗಳಲ್ಲಿ ಊರೂರು ಸುತ್ತಿದರು. ಮಾನವಬಂಧನವೆಂಬ ಆ ಹೆಸರು ಯಾವ ವೇದಾಂತಿಗೂ ಒಪ್ಪತಕ್ಕದ್ದೇ. ರಾಧಾ ಥಾಮಸ್ ಎಂಬಾಕೆ ಅದರಲ್ಲಿ ಹಾಡುತ್ತಿದ್ದರು. ಹಾಡುಗಳು ಇಂಗ್ಲಿಷಿನವು, ಕೇಳುವವರು ಹೆಚ್ಚಾಗಿ ಕಾಲೇಜಿನ ತರುಣರು. ಹಿರಿಯರ ದೃಷ್ಟಿಯಲ್ಲಿ ಅದು ಉದ್ದಕೂದಲಿನವರ ಗದ್ದಲವೆನಿಸಿದ್ದರೆ ಆಶ್ಚರ್ಯವಿಲ್ಲ. ಆ ಕಾಲದ ಇಂತಹ ಅನೇಕ ಮೇಳಗಳು ಕೆಲವು ವರ್ಷ ಮೆರೆದು ಚದುರಿಹೋದವು. ಹಲವರು ವಾದ್ಯವನ್ನು ಕಟ್ಟಿಟ್ಟು ಬೇರೆ ಉದ್ಯೋಗಗಳನ್ನು ಹಿಡಿದರು. ಇದನ್ನು ಮರೆಮಾಡಿ ಯಾವ ತಂದೆಗೂ ಆಸೆ ಹುಟ್ಟಿಸಲಾರೆ.

ಆದರೆ ಶೋತ್ತಮರು ಮಾಡಿದ್ದೇ ಬೇರೆ. ರಾಕ್ ವಾದಕರಾಗಿ ಹೆಸರು ಪಡೆದ ಮೇಲೆ ಅವರು ಬೆಂಗಳೂರಿನ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್ ಎಂಬ ಲಯವಾದ್ಯ ವಿದ್ಯಾಲಯದಲ್ಲಿ ಶಿಷ್ಯರಾಗಿ ಕುಳಿತು ತವಿಲನ್ನು ಅಭ್ಯಾಸಮಾಡಿದರು. ಮೃದಂಗವಿದ್ವಾಂಸರಾದ ಟಿ. ಎ. ಎಸ್. ಮಣಿಯವರು ೧೯೬೪ರಲ್ಲಿ ಸ್ಥಾಪಿಸಿದ ಶಾಲೆಯದು. ತವಿಲೆಂದರೆ ನಾಗಸ್ವರದ ಜತೆಗೆ ದೇವಸ್ಥಾನದ ಉತ್ಸವದಲ್ಲಿಯೂ ಮದುವೆಯ ಚಪ್ಪರದಲ್ಲಿಯೂ ನಾವು ಕೇಳುವ ವಾದ್ಯವೇ. ಹಲಸಿನ ಮರದಿಂದ ಕೊರೆದ ಒಡಲು. ಒಂದು ಮಗ್ಗುಲನ್ನು ಕೋಲಿನಿಂದಲೂ ಮತ್ತೊಂದನ್ನು ಗಟ್ಟಿಯಾದ ಕುಪ್ಪಿಗೆಗಳನ್ನು ತೊಟ್ಟ ಬೆರಳುಗಳಿಂದಲೂ ಬಾರಿಸುತ್ತಾರೆ.

ಇಲ್ಲಿ ಸ್ವಲ್ಪ ನಿಲ್ಲಬೇಕು. ರಾಕ್ ಸಂಗೀತದ ನಡೆ ಸಾಮಾನ್ಯವಾಗಿ ನಾಲ್ಕೆಣಿಕೆಯದು. ಎರಡನೆಯ, ನಾಲ್ಕನೆಯ ಎಣಿಕೆಗಳಿಗೆ ಸ್ನೇರಿನ ಪೆಟ್ಟು ಬಿದ್ದರೆ ಕೇಳುವವನ ಕಾಲು ತಾನಾಗಿ ಕುಣಿಯುತ್ತದೆ. ನಮ್ಮ ಲಯಶಾಸ್ತ್ರದಲ್ಲಾದರೋ ತಿಸ್ರ, ಚತುರಸ್ರ, ಖಂಡ, ಮಿಶ್ರ, ಸಂಕೀರ್ಣವೆಂಬ ಐದು ಜಾತಿಗಳು. ಎಣಿಕೆಗಳು ಕ್ರಮವಾಗಿ ೩, ೪, ೫, ೭, ೯. ನಾಲ್ಕರ ತಾಳದ ಮೇಲೆ ಐದರ ಸೊಲ್ಲುಕಟ್ಟನ್ನು ಹರಿಸಿದರೆ ಎರಡೂ ಬೇರೆ ಬೇರೆ ದಾರಿ ಹಿಡಿದು ಇಪ್ಪತ್ತನೆಯ ಎಣಿಕೆ ಮುಗಿದಾಗ ಒಂದೇ ಬಾಗಿಲಲ್ಲಿ ಕೂಡುತ್ತವೆ. ಇದನ್ನು ಕೈಯಲ್ಲಿ ತರುವುದಕ್ಕೆ ಮುಂಚೆ ಬಾಯಲ್ಲಿ ತರಬೇಕು. ಬಾಯಲ್ಲಿ ನಿಲ್ಲದ್ದು ಕೈಯಲ್ಲಿ ನಿಲ್ಲದು. ಸಭೆಯಲ್ಲಿ ಚಪ್ಪಾಳೆ ಗಿಟ್ಟಿಸಿದವನು ಮರಳಿ 'ತಕಧಿಮಿ'ಯಿಂದ ಆರಂಭಿಸುವುದೆಂದರೆ ಅಹಂಕಾರವನ್ನು ಹೊಸ್ತಿಲ ಹೊರಗೆ ಬಿಟ್ಟು ಬರುವುದು. ಮೂವತ್ತು ವರ್ಷ ಪಾಠ ಹೇಳಿದ ನಾನು ಇಂತಹ ವಿದ್ಯಾರ್ಥಿಗಳನ್ನು ಹೆಚ್ಚು ಕಂಡಿಲ್ಲ. ನನ್ನ ಮಟ್ಟಿಗೆ ಅವರ ಜೀವನದ ದೊಡ್ಡ ಘಟನೆ ಇದೇ. ಮುಂದಿನ ಕೀರ್ತಿಯೆಲ್ಲ ಇದರ ಫಲ.

ಇದಕ್ಕೆ ತಿರುಗುಮುರುಗಾದ ದೃಷ್ಟಾಂತವು ನಮ್ಮ ಬಂಟ್ವಾಳ ತಾಲೂಕಿನಲ್ಲಿಯೇ ಇದೆ. ಸಜಿಪಮೂಡದಲ್ಲಿ ನಾಗಸ್ವರವಾದಕರ ಮಗನಾಗಿ ಹುಟ್ಟಿದ ಕದ್ರಿ ಗೋಪಾಲನಾಥರು ಮೈಸೂರು ಅರಮನೆಯ ಬ್ಯಾಂಡಿನಲ್ಲಿ ಸ್ಯಾಕ್ಸೊಫೋನನ್ನು ಕಂಡು ಮೋಹಿತರಾಗಿ, ಆ ವಿಲಾಯತಿ ವಾದ್ಯದಲ್ಲಿ ಕರ್ನಾಟಕ ಸಂಗೀತದ ಗಮಕಗಳನ್ನು ನುಡಿಸಿದರು. ೨೦೦೪ರಲ್ಲಿ ಪದ್ಮಶ್ರೀ ಬಂದಿತು, ೨೦೧೯ರಲ್ಲಿ ತೀರಿಕೊಂಡರು. ಒಬ್ಬರು ಪರದೇಶದ ವಾದ್ಯವನ್ನು ಇಲ್ಲಿಯ ವಿದ್ಯೆಗೆ ಒಗ್ಗಿಸಿದರು. ಮತ್ತೊಬ್ಬರು ಪರದೇಶದ ಸಂಗೀತದಿಂದ ಹೊರಟು ಇಲ್ಲಿಯ ವಾದ್ಯಕ್ಕೆ ಬಂದರು. ಇಬ್ಬರಿಗೂ ಗುರು ಬೇಕಾಯಿತು. ಚೆಂಡೆಯೋ ಡ್ರಮ್ಮೋ ಎಂಬ ಚರ್ಚೆಗಿಂತ ಹುಡುಗನು ಯಾರ ಬಳಿ ಕಲಿಯುತ್ತಾನೆ, ದಿನಕ್ಕೆ ಎಷ್ಟು ಹೊತ್ತು ಸಾಧನೆಗೆ ಕೂರುತ್ತಾನೆ ಎಂದು ವಿಚಾರಿಸುವುದು ಮೇಲೆಂದು ಆ ಗೃಹಸ್ಥರಿಗೆ ಹೇಳಿದೆ. ಸಂಪಾದನೆಯ ಚಿಂತೆ ಡ್ರಮ್ಮಿಗೊಂದೇ ಅಂಟಿದ್ದಲ್ಲ. ಪತ್ತನಾಜೆಗೆ ಗೆಜ್ಜೆ ಬಿಚ್ಚಿದ ಮೇಲೆ ಮಳೆಗಾಲವನ್ನು ಹೇಗೆ ಕಳೆಯುವುದೆಂಬ ಚಿಂತೆಯನ್ನು ಮೇಳದ ಚೆಂಡೆ ಮದ್ದಳೆಯವರ ಮನೆಗಳೂ ಅನುಭವಿಸಿವೆ. ಆ ಚೆಂಡೆಯ ದನಿಯನ್ನು ಹಾಸಿಗೆಯಲ್ಲಿ ಮಲಗಿಯೇ ಕೇಳಿ ಸುಖಿಸಿದವರು ನಾವು.

ಶೋತ್ತಮರು ಆ ಬಳಿಕ ಯುರೋಪಿಗೆ ಹೋಗಿ ಜರ್ಮನಿಯ ಕಲೋನ್ ನಗರದಲ್ಲಿ ನೆಲೆಸಿದರು. ಅವರು ಕಲಿತ ಶಾಲೆಯ ಕೀರ್ತಿಯೂ ಅಷ್ಟರಲ್ಲಿ ಅಲ್ಲಿಗೆ ತಲಪಿತ್ತು. ಮಣಿಯವರೂ ಅವರ ಪತ್ನಿ ಗಾಯಕಿ ಆರ್. ಎ. ರಮಾಮಣಿಯವರೂ ಅಮೇರಿಕೆಯ ಸ್ಯಾಕ್ಸೊಫೋನ್ ವಾದಕ ಚಾರ್ಲಿ ಮರಿಯಾನೊ ಅವರೊಡನೆ ನುಡಿಸಿದ 'ಜ್ಯೋತಿ' ಎಂಬ ಧ್ವನಿಮುದ್ರಿಕೆ ೧೯೮೩ರಲ್ಲಿ ಹೊರಬಂದಿತು. ಶೋತ್ತಮರು ಲೆಬನಾನಿನ ಊದ್ ವಾದಕ ರಬೀಹ್ ಅಬು ಖಲೀಲ್ ಮೊದಲಾದವರ ಧ್ವನಿಮುದ್ರಿಕೆಗಳಲ್ಲಿ ನುಡಿಸಿದರು. ಡ್ರಮ್ಮನ್ನು ಅವರು ತೊರೆಯಲಿಲ್ಲ. ಅದರ ಮಗ್ಗುಲಲ್ಲೇ ತವಿಲ್, ಘಟ, ಖಂಜಿರ, ಮೋರ್ಸಿಂಗುಗಳನ್ನಿರಿಸಿಕೊಂಡರು. ಅಲ್ಲಿ ತಾವೇ ಕಟ್ಟಿದ ಮೇಳಕ್ಕೆ ಹುಟ್ಟೂರಿನ ಹೆಸರನ್ನೇ ಇಟ್ಟರು: 'ಮದ್ರಾಸ್ ಸ್ಪೆಷಲ್'.